ಅಜ್ಜಿ ಕೂತರೆ ಉಜ್ಜುವ ಚಕ್ರ

ನಮ್ಮ ಮನೆಯಲ್ಲಿ ಜಗಳವಾಡುವುದಕ್ಕೆಂದೇ ಒಂದು ಕೋಣೆ ಇತ್ತು. ಅದಕ್ಕೆ ನಾಲ್ಕು ಚಕ್ರಗಳಿದ್ದವು. ಕೊಚ್ಚಿಯ ಕಲೂರಿನ ಒಂದು ಓಣಿಯಲ್ಲಿ ನಾವಿದ್ದ ಬಾಡಿಗೆ ಮನೆಯ ಗೋಡೆಗಳು ಬಲು ತೆಳು. ಸ್ಟೇಡಿಯಮ್ಮಿನಲ್ಲಿ ಪಂದ್ಯವಿದ್ದ ಸಂಜೆ ಗೋಲು ಬಿದ್ದದ್ದು ನಮ್ಮ ಟೀವಿಗಿಂತ ಮೊದಲು ನಮ್ಮ ಅಡುಗೆಮನೆಗೆ ಗೊತ್ತಾಗುತ್ತಿತ್ತು. ಅಂಥ ಮನೆಯಲ್ಲಿ ಅಪ್ಪ ಅಮ್ಮ ದನಿಯೇರಿಸಿದರೆ ನಡುಮನೆಯ ಮಂಚದಲ್ಲಿದ್ದ ಅಜ್ಜಿಗೆ ಕೇಳಿಸದೆ ಇರುತ್ತದೆಯೇ? ಅದಕ್ಕೇ ಅವರಿಬ್ಬರೂ ಜಗಳ ಬಂದಾಗಲೆಲ್ಲ ಪೋರ್ಚಿನಲ್ಲಿ ನಿಂತಿದ್ದ ನೀಲಿ ಕಾರಿನೊಳಗೆ ಹೋಗಿ ಕೂತು, ನಾಲ್ಕೂ ಗಾಜು ಏರಿಸಿಕೊಳ್ಳುತ್ತಿದ್ದರು. ನಾನು ಅಡುಗೆಮನೆಯ ಕಿಟಕಿಯ ಸರಳು ಹಿಡಿದು ನೋಡುತ್ತಿದ್ದೆ. ಅಪ್ಪನ ಕೈಗಳು ಗಾಳಿಯಲ್ಲಿ ಏನೇನೋ ಬರೆಯುತ್ತಿದ್ದವು; ಸ್ಟೀರಿಂಗ್ ಹಿಡಿದು ಕೂತ ಅಮ್ಮನ ತುಟಿ ಮಾತ್ರ ಅಲುಗುತ್ತಿತ್ತು. ಪೆಟ್ರೋಲು ದಂಡ ಎಂದು ಏಸಿ ಹಾಕುತ್ತಿರಲಿಲ್ಲ. ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ ಅನ್ನುತ್ತಾರೆ. ನಮ್ಮ ಮನೆಯಲ್ಲಿ ಅದು ಬೆವರು ಸುರಿಯುವ ತನಕ. ಇಬ್ಬರೂ ತೊಯ್ದು ತೊಪ್ಪೆಯಾಗಿ ಹೊರಗೆ ಬರುತ್ತಿದ್ದರು. ಅಜ್ಜಿ ಏನೂ ಗೊತ್ತಿಲ್ಲದವರ ಹಾಗೆ ಎರಡು ಲೋಟ ಮಜ್ಜಿಗೆ ಕೊಡುತ್ತಿದ್ದರು.

ಅಪ್ಪ ಕಾಸರಗೋಡಿನ ಕಡೆಯವರು. ಏಲೂರಿನ ಗೊಬ್ಬರದ ಕಾರ್ಖಾನೆಯೊಂದರಲ್ಲಿ ಸುರಕ್ಷತೆಯ ವಿಭಾಗದಲ್ಲಿದ್ದರು. ಅಲ್ಲಿ ಅನಿಲ ಸೋರಿದರೆ ಯಾವ ದಿಕ್ಕಿಗೆ ಓಡಬೇಕು ಎಂದು ನೂರಾರು ಜನಕ್ಕೆ ಕಲಿಸುವುದು ಅವರ ಕೆಲಸ. ಕಲಿಸಿದ್ದು ಸಾಲದೆಂಬಂತೆ ಮನೆಯಲ್ಲೂ ಕಲಿಸುತ್ತಿದ್ದರು. ಭಾನುವಾರ ನಾವು ದೋಸೆ ತಿನ್ನುತ್ತಿರುವಾಗ ಇದ್ದಕ್ಕಿದ್ದಂತೆ ಸೀಟಿ ಊದಿ, ಅಡುಗೆಮನೆಯಲ್ಲಿ ಗ್ಯಾಸು ಸೋರಿದೆ ಎಂದು ಘೋಷಿಸುತ್ತಿದ್ದರು. ನಾವೆಲ್ಲ ಎದ್ದು ಗೇಟಿನ ಹೊರಗೆ ನಿಲ್ಲಬೇಕು. ಅಜ್ಜಿ ದೋಸೆಯ ತಟ್ಟೆ ಹಿಡಿದುಕೊಂಡೇ ಬಂದು ನಿಲ್ಲುತ್ತಿದ್ದರು. ಅಮ್ಮನ ಹೆಸರು ಸುಮಾ; ಮೈಸೂರಿನವರು, ಕಾಕ್ಕನಾಡಿನ ಐಟಿ ಪಾರ್ಕಿನಲ್ಲಿ ಟೆಸ್ಟರ್. ಬೇರೆಯವರು 'ಮುಗಿಯಿತು, ಸರಿಯಾಗಿದೆ' ಎಂದು ಒಪ್ಪಿಸಿದ್ದರಲ್ಲಿ ತಪ್ಪು ಹುಡುಕುವುದು ಅವರ ಕಸುಬು. ಇಂಥ ಇಬ್ಬರು ಒಂದೇ ಮನೆಯಲ್ಲಿದ್ದರೆ ಏನಾಗಬೇಕೋ ಅದೇ ಆಗುತ್ತಿತ್ತು. ಎತ್ತು ಏರಿಗೆಳೆದರೆ ಕೋಣ ನೀರಿಗೆ. ಒಲೆಯ ಮೇಲೆ ದಿನಾ ಎರಡು ಅನ್ನ: ಅಪ್ಪ, ಅಜ್ಜಿಗೆ ಕೆಂಪು ಕುಚ್ಚಲಕ್ಕಿ, ಅಮ್ಮನಿಗೆ ಬಿಳಿ ಸಣ್ಣಕ್ಕಿ. ಇಂಗಿನ ಒಗ್ಗರಣೆಗೆ ಒಂದು ಎಣ್ಣೆ, ತೆಂಗಿನಕಾಯಿಯ ಪಲ್ಯಕ್ಕೆ ಒಂದು ಎಣ್ಣೆ. ನಾನು ಎರಡೂ ಅನ್ನ ಉಂಡು, ಎರಡು ಬಗೆಯ ಕನ್ನಡವನ್ನೂ ಕೇಳಿಸಿಕೊಂಡು, ಉತ್ತರವನ್ನು ಮಾತ್ರ ಮಲಯಾಳದಲ್ಲಿ ಕೊಡುತ್ತಿದ್ದೆ.

ನನಗೆ ಹತ್ತು ವರ್ಷವಿದ್ದಾಗ, ನವರಾತ್ರಿಗೆ ಸ್ವಲ್ಪ ಮೊದಲು, ಅಮ್ಮ ಊಟದ ಹೊತ್ತಿನಲ್ಲಿ ಒಂದು ಸುದ್ದಿ ಹೇಳಿದರು. ತಿರುವನಂತಪುರದ ಕಚೇರಿಯಲ್ಲಿ ಇಡೀ ಟೆಸ್ಟಿಂಗ್ ತಂಡಕ್ಕೆ ಅವರನ್ನು ಮುಖ್ಯಸ್ಥೆ ಮಾಡುತ್ತಾರಂತೆ. ಹಬ್ಬದ ರಜೆ ಮುಗಿದ ಮೇಲೆ ಹೂಂ ಅಥವಾ ಊಹೂಂ ಹೇಳಬೇಕಂತೆ. ವಾರವಿಡೀ ಅಲ್ಲಿ, ಶುಕ್ರವಾರ ಸಂಜೆಯಿಂದ ಭಾನುವಾರದ ತನಕ ಇಲ್ಲಿ. ಅಮ್ಮ ಇದನ್ನು ಸಾರು ಬಡಿಸುತ್ತಾ ಹೇಳಿದರು. ಅಪ್ಪ ಊಟ ಮುಗಿಸಿ ಕೈ ತೊಳೆದು ಕಾರಿನ ಬಾಗಿಲು ತೆಗೆದರು. ಅಮ್ಮ ಹಿಂದೆಯೇ ಹೋದರು. ಆ ದಿನದ ಜಗಳ ಎಷ್ಟು ಉದ್ದವಾಯಿತೆಂದರೆ ಗಾಜಿನ ಒಳಗೆಲ್ಲ ಆವಿ ಕಟ್ಟಿ ನನಗೆ ಯಾರ ಮುಖವೂ ಕಾಣಿಸದಾಯಿತು. ಕೊನೆಗೆ ಅಪ್ಪನೇ ಬಾಗಿಲು ತೆಗೆದು, ಮುಂದಿನ ಮಾತನ್ನು ಎಲ್ಲರೂ ಕೇಳಲಿ ಎಂಬಂತೆ ಪೋರ್ಚಿನಲ್ಲೇ ಆಡಿದರು.

"ರೈಲು ಉಂಟಲ್ಲ ಮಾರಾಯ್ತಿ! ರೈಲಲ್ಲಿ ಹೋಗು, ರೈಲಲ್ಲಿ ಬಾ. ಪ್ರತಿ ವಾರ ಅಷ್ಟು ದೂರ ಕಾರು ಯಾಕೆ?"

"ರೈಲು ಅದರ ಟೈಮಿಗೆ ಹೊರಡುತ್ತೆ ಕಣ್ರೀ. ಬುಧವಾರ ಪುಟ್ಟಿಗೆ ಜ್ವರ ಬಂತು ಅಂದ್ಕೊಳ್ಳಿ. ಆಗ ನಾನು ಟಿಕೆಟ್ ಕ್ಯೂನಲ್ಲಿ ನಿಂತ್ಕೊಂಡಿರ್ಬೇಕಾ? ಕೀಲಿ ನನ್ನ ಕೈಲಿದ್ರೆ ಆ ಗಳಿಗೇಲೇ ಹೊರಡ್ತೀನಿ. ಅಷ್ಟು ಧೈರ್ಯ ಇದ್ರೆ ಮಾತ್ರ ನಾನು ಈ ಕೆಲ್ಸ ಒಪ್ಕೊಳ್ಳೋದು. ಇಲ್ದಿದ್ರೆ ಬೇಡ."

ಅಪ್ಪ ಕಾರಿನ ಸುತ್ತ ಒಂದು ಪ್ರದಕ್ಷಿಣೆ ಹಾಕಿದರು. ಟಯರುಗಳು ಸವೆದು ನುಣ್ಣಗಾಗಿದ್ದವು. ನಾವು ಕಾರು ಕೊಂಡಾಗಲೇ ಅದು ಹಳೆಯದು. ಕೊಂಡ ಮೇಲೆ ಅದು ಕಾಸರಗೋಡಿನಿಂದ ಹೊತ್ತು ತಂದ ತೆಂಗಿನಕಾಯಿ, ಹಲಸಿನಕಾಯಿ, ಅಕ್ಕಿಮೂಟೆಗಳಿಗೆ ಲೆಕ್ಕವಿಲ್ಲ. ಒಂದು ರಿಮ್ಮು ಯಾವುದೋ ಹೊಂಡಕ್ಕೆ ಬಿದ್ದು ಅಂಚು ಸೊಟ್ಟಗಾಗಿತ್ತು. ಅಪ್ಪ ಅದರ ಮೇಲೆ ಕೈಯಾಡಿಸಿ ಷರತ್ತು ಹಾಕಿದರು.

"ಚಕ್ರ, ಟಯರು ಎಲ್ಲ ಬದಲಾಯಿಸ್ತೇನೆ. ಕಾರು ಸರಿ ಉಂಟು ಅಂತ ನನಗೆ ಧೈರ್ಯ ಬಂದ್ರೆ ನೀನು ಹೋಗು. ಬಾರದಿದ್ರೆ ಈ ಮಾತು ಇಲ್ಲಿಗೇ ನಿಲ್ಲಿಸುವ."

ಅಮ್ಮ ತಲೆಯಾಡಿಸಿದರು. ಹೀಗೆ ನಮ್ಮ ಮನೆಯ ಮುಂದಿನ ದಿನಗಳೆಲ್ಲ ನಾಲ್ಕು ಚಕ್ರದ ಮೇಲೆ ನಿಂತವು. ನನ್ನ ಮಟ್ಟಿಗೆ ವಿಷಯ ಸರಳವಾಗಿತ್ತು. ಅಮ್ಮ ಹೋಗಬಾರದು. ನನ್ನ ಜಡೆ ಹೆಣೆಯುವುದು ಯಾರು, ರಾತ್ರಿ ಬೆನ್ನು ನೀವುವುದು ಯಾರು? ಆ ಸೊಟ್ಟ ರಿಮ್ಮಿಗೆ ಲೋಕದಲ್ಲೆಲ್ಲೂ ಜೊತೆ ಸಿಗದಿರಲಿ ಎಂದು ದೇವರ ಗೂಡಿನ ಮುಂದೆ ಬಾಯಿಬಿಟ್ಟೇ ಬೇಡಿಕೊಂಡೆ. ಅಜ್ಜಿ ಕೇಳಿಸಿಕೊಂಡರು.

ಅಪ್ಪ ಬಾಯಲ್ಲಿ ಷರತ್ತು ಹಾಕಿದರೂ ಮನಸ್ಸಿನಲ್ಲಿ ಅಮ್ಮನಿಗೊಂದು ಉಡುಗೊರೆ ಕೊಡಬೇಕೆಂದಿದ್ದರು ಎಂದು ಈಗ ಅನ್ನಿಸುತ್ತದೆ. ಕಾರ್ಖಾನೆಯ ಗೆಳೆಯರೊಬ್ಬರು ತಮ್ಮ ದೊಡ್ಡ ಕಾರನ್ನು ಮಾರುವಾಗ ಅದರ ಅಲಾಯ್ ಚಕ್ರಗಳನ್ನು ಬಿಚ್ಚಿ ಇಟ್ಟುಕೊಂಡಿದ್ದರು. ಅಪ್ಪ ಅವನ್ನು ಹೊಸ ಟಯರಿನ ಸಮೇತ ತಂದು ಹಾಕಿಸಿಕೊಂಡು ಬಂದರು. ಓಣಿಯವರೆಲ್ಲ ಹೊರಗೆ ಬಂದು ನೋಡಿದರು. ಐದು ಎಸಳಿನ ಹೊಳೆಹೊಳೆವ ಚಕ್ರ. ಮೊದಲಿನದಕ್ಕಿಂತ ಅಗಲ, ಮೊದಲಿನದಕ್ಕಿಂತ ಎತ್ತರ. ನಮ್ಮ ಬಡಪಾಯಿ ಕಾರು ಮದುಮಗನ ಬೂಟು ಹಾಕಿಕೊಂಡ ಗುಮಾಸ್ತನ ಹಾಗೆ ನಿಂತಿತ್ತು. ಅಪ್ಪನ ತರ್ಕ ಇಷ್ಟೇ. ಅಗಲ ಹೆಚ್ಚಿದರೆ ರಸ್ತೆಯ ಮೇಲಿನ ಹಿಡಿತ ಹೆಚ್ಚುತ್ತದೆ, ಹಿಡಿತ ಹೆಚ್ಚಿದರೆ ಸುರಕ್ಷತೆ ಹೆಚ್ಚುತ್ತದೆ. ಬೋಲ್ಟಿನ ತೂತು ಇದಕ್ಕೂ ನಾಲ್ಕು, ಅದಕ್ಕೂ ನಾಲ್ಕು. ತೂತುಗಳ ನಡುವಿನ ಅಂತರವೂ ಒಂದೇ. ಚಕ್ರ ಕೂತಿತು, ಕಾರು ಓಡಿತು, ಇನ್ನೇನು ಬೇಕು? ಅಮ್ಮ ಕಾರಿನ ಸುತ್ತ ನಡೆದರು. ಚಕ್ರದ ಎಸಳುಗಳ ಮೇಲೆ ಬೆರಳಾಡಿಸಿದರು. "ತುಂಬ ಚೆನ್ನಾಗಿದೆ ಕಣ್ರೀ" ಎಂದರು. ಅಪ್ಪನ ಮುಖ ಅರಳಿದ್ದನ್ನು ನಾನು ಕಣ್ಣಾರೆ ಕಂಡೆ. ನನಗೆ ಮಾತ್ರ ಅಳು ಬಂತು.

ಆಯುಧಪೂಜೆಯ ದಿನ ಅಜ್ಜಿ ಚಕ್ರಗಳಿಗೆ ಅರಿಶಿನ ಕುಂಕುಮ ಹಚ್ಚಿ, ಅಡಿಗೆ ನಿಂಬೆಹಣ್ಣಿಟ್ಟು, ಅಪ್ಪ ಅವುಗಳ ಮೇಲೆ ಕಾರು ಹತ್ತಿಸಿದ ಮೇಲೆ ನಾವೆಲ್ಲ ಎರ್ನಾಕುಲಂನ ದೇವಸ್ಥಾನಕ್ಕೆ ಹೊರಟೆವು. ಅಪ್ಪ ಚಾಲಕನ ಸೀಟಿನಲ್ಲಿ, ಅಮ್ಮ ಪಕ್ಕದಲ್ಲಿ, ಹಿಂದೆ ಅಜ್ಜಿ ಮತ್ತು ನಾನು. ನನ್ನಜ್ಜಿ ಎತ್ತರದ, ದೊಡ್ಡ ಮೈಯ ಹೆಂಗಸು. 'ಒಳ್ಳೆ ಉಂಡು ಬೆಳೆದ ದೇಹ' ಎಂದು ಅವರಿಗೇ ಅದರ ಬಗ್ಗೆ ಹೆಮ್ಮೆ. ಓಣಿಯ ತುದಿಯ ಹಂಪು ಹತ್ತಿ ಇಳಿಯುತ್ತಿದ್ದಂತೆ ಹಿಂದಿನಿಂದ ಕರ್ರ್ ಎಂದು ಸದ್ದು ಬಂತು. ಅಪ್ಪನ ಕಿವಿ ನಿಮಿರಿತು. ಮುಂದೆ ಸಿಕ್ಕ ಹೊಂಡದಲ್ಲೂ ಕರ್ರ್. ದೇವಸ್ಥಾನದವರೆಗೂ ಹೀಗೇ ಹೋದೆವು. ಮರುದಿನ ಬೆಳಿಗ್ಗೆ ಅಪ್ಪ ಒಬ್ಬರೇ ಕಾರು ತೆಗೆದು ಅದೇ ಹಂಪಿನ ಮೇಲೆ ಹತ್ತಾರು ಸಲ ಓಡಾಡಿದರು. ಚೂರೂ ಸದ್ದಿಲ್ಲ. ಸಂಜೆ ಅಜ್ಜಿಯನ್ನು ಕೂರಿಸಿಕೊಂಡು ಹೋದರೆ ಮತ್ತೆ ಕರ್ರ್. ಅಪ್ಪ ಗಾಡಿ ನಿಲ್ಲಿಸಿ ಇಳಿದು, ಹಿಂದಿನ ಚಕ್ರದ ಪಕ್ಕದಲ್ಲಿ ಕುಕ್ಕರಗಾಲಲ್ಲಿ ಕೂತು ನೋಡಿದರು. ಹೊಸ ರಿಮ್ಮು ಹಳೆಯದಕ್ಕಿಂತ ಹೊರಗೆ ಚಾಚಿ ನಿಂತಿತ್ತು. ಕಾರು ಖಾಲಿ ಇದ್ದಾಗ ಏನೂ ತೊಂದರೆಯಿಲ್ಲ. ಹಿಂದೆ ಭಾರ ಕೂತು ಮೈ ತಗ್ಗಿದ ಕೂಡಲೆ ಚಕ್ರದ ಮೇಲಿನ ತಗಡಿನ ಕಮಾನಿಗೆ ಟಯರು ಉಜ್ಜುತ್ತಿತ್ತು. ಊರಿಗೆಲ್ಲ ಸುರಕ್ಷತೆ ಹೇಳಿಕೊಡುವ ಅಪ್ಪ ಕಾರನ್ನು ಪರೀಕ್ಷಿಸುವಾಗ ತಾವೊಬ್ಬರೇ ಕೂತು ಪರೀಕ್ಷಿಸಿದ್ದರು.

"ಎಂತದು ಮಗ, ಎಂತ ಆಯ್ತು?" ಎಂದು ಅಜ್ಜಿ ಕಿಟಕಿಯಿಂದ ಕತ್ತು ಹೊರಹಾಕಿ ಕೇಳಿದರು.

"ಏನಿಲ್ಲಮ್ಮ. ನೀನು ಸ್ವಲ್ಪ ಇಳಿ. ಹಾಂ. ಈಗ ಪುನಃ ಕೂತ್ಕೊ."

ಅಜ್ಜಿ ಇಳಿದರು, ಕೂತರು. ಕಾರು ಎದ್ದಿತು, ಕುಸಿಯಿತು. ಅಪ್ಪನ ಮುಖ ನೋಡಿ ಅಜ್ಜಿಗೆ ಎಲ್ಲವೂ ತಿಳಿಯಿತು. ಮತ್ತೆ ಇಳಿದವರು ಕಾರಿಗೆ ಹತ್ತಲಿಲ್ಲ. ಸೆರಗು ಸೊಂಟಕ್ಕೆ ಸಿಕ್ಕಿಸಿ, ಓಣಿಯುದ್ದಕ್ಕೂ ನಡೆದೇ ಮನೆ ಸೇರಿದರು. ಅಪ್ಪ ಒಂದನೇ ಗೇರಿನಲ್ಲಿ ಹಿಂದೆ ಹಿಂದೆಯೇ ಕಾರು ತಂದರು. ಸದ್ದಿಲ್ಲದೆ.

ಆ ರಾತ್ರಿ ಊಟಕ್ಕೆ ಕೂತಾಗ ಅಜ್ಜಿ ಒಂದು ಸೌಟು ಅನ್ನ ಕಡಿಮೆ ಬಡಿಸಿಕೊಂಡದ್ದು ಎಲ್ಲರ ಕಣ್ಣಿಗೂ ಬಿತ್ತು. ಆಮೇಲೆ ಅಪ್ಪ ಕಾರಿನ ಮೇಲೆ ತಮಗೆ ಧೈರ್ಯ ಬರಲಿಲ್ಲವೆಂದೂ, ಈ ವರ್ಷಕ್ಕೆ ತಿರುವನಂತಪುರ ಬೇಡವೆಂದೂ ಹೇಳಿದರು. ನನಗೆ ಹಿಡಿಸಲಾರದಷ್ಟು ಸಂತೋಷವಾಯಿತು. ತಟ್ಟೆಯ ಮುಂದೆಯೇ ಎರಡೂ ಕೈ ಎತ್ತಿ ಕೂಗಿದೆ.

"ಅಪ್ಪೋ ಅಮ್ಮ ಪೋಕಂಡ!" ಹಾಗಾದರೆ ಅಮ್ಮ ಹೋಗುವುದು ಬೇಡ!

ಅಮ್ಮ ನನ್ನ ಕಡೆ ನೋಡಲೇ ಇಲ್ಲ. ಅಪ್ಪನನ್ನೇ ನೋಡಿದರು. ಆ ದಿನ ಅವರು ಕಾರಿಗೆ ಹೋಗಿ ಕೂರುವ ಗೋಜಿಗೂ ಹೋಗಲಿಲ್ಲ.

"ಚಕ್ರ ಹೊಂದ್ಲಿಲ್ಲ ಅಂದ್ರೆ ಚಕ್ರ ಬದಲಾಯಿಸ್ಬೇಕು ಕಣ್ರೀ. ನನ್ನನ್ಯಾಕೆ ನಿಲ್ಲಿಸ್ತೀರ?"

ಅಪ್ಪ ಬಾಯಿ ತೆರೆಯುವ ಮೊದಲೇ ಅಜ್ಜಿ ಕೈಯೆತ್ತಿ ತಡೆದರು. ಅತ್ತೆ ಸೊಸೆಯರ ನಡುವೆ ಇಂಗು, ತೆಂಗು ಎಂದು ನೂರೆಂಟು ತಕರಾರುಗಳಿದ್ದವು. ಅಜ್ಜಿ ಯಾರ ಪಕ್ಷ ಹಿಡಿಯುತ್ತಾರೆ ಎಂಬುದರಲ್ಲಿ ನನಗೆ ಕಿಂಚಿತ್ತೂ ಅನುಮಾನವಿರಲಿಲ್ಲ.

"ನೋಡು ಮಗ. ನನ್ನ ಭಾರಕ್ಕೆ ಸುಮಾಳ ಕೆಲಸ ನಿಂತಿತು ಅಂತ ನಾಳೆ ನಾಲ್ಕು ಜನ ಹೇಳುದು ಬೇಡ. ನಾನು ಮದುವೆಯಾಗಿ ಬಂದಾಗ ನನಗೆ ಟೀಚರ್ ಕೆಲಸ ಸಿಕ್ಕಿತ್ತು, ಗೊತ್ತುಂಟಾ ನಿನಗೆ? ಶಾಲೆಗೆ ಹೊಳೆ ದಾಟಿ ಹೋಗ್ಬೇಕು, ದೋಣಿ ಸರಿ ಇಲ್ಲ ಅಂತ ನನ್ನ ಮಾವ, ನಿನ್ನ ಅಜ್ಜ, ಬೇಡ ಹೇಳಿದ್ರು. ದೋಣಿಯನ್ನು ಯಾರೂ ಸರಿ ಮಾಡ್ಲಿಲ್ಲ."

ಅದು ನಾವ್ಯಾರೂ ಕೇಳಿರದ ಸಂಗತಿ. ಅಪ್ಪನಿಗೂ ಗೊತ್ತಿರಲಿಲ್ಲ. ಅಮ್ಮ ಎದ್ದು ಹೋಗಿ ಅಜ್ಜಿಯ ತಟ್ಟೆಗೆ ಇನ್ನೊಂದು ಸೌಟು ಕೆಂಪು ಅನ್ನ ಬಡಿಸಿದರು. ಅಜ್ಜಿ ಬೇಡವೆನ್ನಲಿಲ್ಲ. ಅಪ್ಪ ಊಟ ಮುಗಿಸಿ ಎದ್ದು, ಶನಿವಾರ ಎಲ್ಲರೂ ತಯಾರಾಗಿ, ಟಯರಿನ ಅಂಗಡಿಗೆ ಹೋಗುವ ಎಂದರು. ಎಲ್ಲರೂ ಯಾಕೆ ಎಂದು ನಾನು ಮೂತಿಯುಬ್ಬಿಸಿ ಕೇಳಿದ್ದಕ್ಕೆ ಅಮ್ಮ ಉತ್ತರ ಕೊಟ್ಟರು.

"ಯಾಕಂದ್ರೆ ಇದು ನಾಲ್ಕು ಜನದ ಕಾರು ಪುಟ್ಟಿ. ಅಜ್ಜಿ ಕೂತಾಗ ಸರಿ ಇದ್ರೆ ಮಾತ್ರ ಸರಿ."

ಅಂಗಡಿ ಕಲೂರಿನ ಬಸ್ ನಿಲ್ದಾಣದಿಂದ ಹೆಚ್ಚು ದೂರವಿರಲಿಲ್ಲ. ಮಾಲೀಕ ಜೋಯಿಚೇಟ್ಟನ್, ಅಂದರೆ ಜೋಯಿ ಅಣ್ಣ, ಮಾತಿನ ಮಲ್ಲ. ಯಾವ ಗಾಡಿ ಬಂದರೂ ಅದಕ್ಕೆ ಒಂದು ಸೈಜು ದೊಡ್ಡ ಚಕ್ರ ಹಾಕಿದರೆ ಹೇಗೆ ಕಾಣುತ್ತದೆ ಎಂದು ಕಣ್ಣು ಮುಚ್ಚಿ ಕಲ್ಪಿಸಿಕೊಳ್ಳುವ ರಸಿಕ. ನಮ್ಮ ಕಾರಿನಿಂದ ಅಪ್ಪ, ಅಮ್ಮ, ನಾನು ಇಳಿದು, ಕೊನೆಗೆ ಅಜ್ಜಿ, ಅಜ್ಜಿಯ ಜೊತೆಗೆ ಒಂದು ಅಕ್ಕಿಮೂಟೆ, ಎರಡು ಉಪ್ಪಿನಕಾಯಿ ಭರಣಿ ಇಳಿದದ್ದನ್ನು ನೋಡಿ ಅವರು ಊರು ಬಿಟ್ಟು ಹೋಗುತ್ತಿದ್ದೀರಾ ಎಂದು ಕೇಳಿದರು. ಪ್ರತಿ ಪ್ರಯಾಣದಲ್ಲೂ ಇರುವ ಸಾಮಾನು ಪರೀಕ್ಷೆಯಲ್ಲೂ ಇರಬೇಕೆಂದು ಅಮ್ಮ ಮನೆಯಿಂದಲೇ ಹೊರಿಸಿಕೊಂಡು ಬಂದಿದ್ದರು. ಅಪ್ಪ ಸ್ಟೆಪ್ನಿಯಾಗಿ ಡಿಕ್ಕಿಯಲ್ಲಿದ್ದ ಸೊಟ್ಟ ರಿಮ್ಮನ್ನು ಹೊರತೆಗೆದು, ಅದರ ಹಳೆಯ ಟಯರಿನ ಮೈಮೇಲೆ ಕೆತ್ತಿದ ಅಂಕಿಗಳನ್ನು ನನಗೆ ತೋರಿಸಿ ಓದಲು ಕಲಿಸಿದ್ದು ಅಲ್ಲೇ. 165 ಅಂದರೆ ಟಯರಿನ ಅಗಲ. 70 ಅಂದರೆ ಆ ಅಗಲಕ್ಕೆ ನೂರಕ್ಕೆ ಎಪ್ಪತ್ತರಷ್ಟು ಪಕ್ಕದ ಎತ್ತರ. 14 ಅಂದರೆ ರಿಮ್ಮಿನ ಅಳತೆ. ಕೊನೆಯ ಅಂಕಿ ಅದು ಎಷ್ಟು ಭಾರ ಹೊರಬಲ್ಲದು ಎಂಬುದು. ಅಜ್ಜಿ ಆ ಕೊನೆಯ ಅಂಕಿಯ ಹತ್ತಿರ ಬಗ್ಗಿ, ಕನ್ನಡಕ ಏರಿಸಿ, ಬಹಳ ಗಂಭೀರವಾಗಿ ನೋಡಿದರು. ಅಮ್ಮ ಚಾಲಕನ ಬಾಗಿಲು ತೆಗೆದು, ಬಾಗಿಲ ಚೌಕಟ್ಟಿನ ಕಂಬಕ್ಕೆ ಅಂಟಿಸಿದ್ದ ಚೀಟಿಯಲ್ಲಿ ಅದೇ ಅಂಕಿಗಳನ್ನು ಹುಡುಕಿ ತೆಗೆದರು. ಕಾರು ಮಾಡಿದವರೇ ಅಂಟಿಸಿದ್ದ ಚೀಟಿ ಅದು. ಅಷ್ಟು ವರ್ಷ ದಿನಾ ಆ ಬಾಗಿಲು ತೆಗೆದ ಅಪ್ಪ ಅದನ್ನು ನೋಡಿರಲಿಲ್ಲ. ಜಟ್ಟಿ ಬಿದ್ದರೂ ಮೀಸೆ ಮಣ್ಣಾಗಲಿಲ್ಲ ಎಂಬಂತೆ, ಚೀಟಿ ಬಹಳ ಚಿಕ್ಕದು ಎಂದರು.

ಜೋಯಿಚೇಟ್ಟನ್‌ಗೆ ಚೀಟಿ ಹಿಡಿಸಲಿಲ್ಲ. ಅವರು ಕಪ್ಪು ಬಣ್ಣದ ಹದಿನೈದು ಇಂಚಿನ ಚಕ್ರವೊಂದನ್ನು ಮಗುವಿನಂತೆ ಎತ್ತಿಕೊಂಡು ಬಂದರು.

"ಚೇಚ್ಚೀ, ಇದು ನೋಡಿ, ಅಡಿಪೊಳಿ, ಸೂಪರ್! ತೆಳ್ಳಗಿನ ಟಯರು ಹಾಕಿದ್ರೆ ಒಟ್ಟು ಎತ್ತರ ಮೊದಲಿನಷ್ಟೇ. ಸ್ಪೀಡೋಮೀಟರು ಸುಳ್ಳು ಹೇಳೋದಿಲ್ಲ. ನನ್ನ ಮಾತು ಅಂದ್ರೆ ಮಾತು, ಪಕ್ಕಾ ಫಿಟ್."

"ಯಾರು ಕೂತಾಗ?" ಎಂದು ಅಮ್ಮ ಕೇಳಿದರು.

ಜೋಯಿಚೇಟ್ಟನ್‌ಗೆ ಆ ಪ್ರಶ್ನೆ ಹೊಸದು. ಅಮ್ಮ ಅದನ್ನು ಬಿಡಿಸಿ ಹೇಳಿದರು. ಚಕ್ರ ಹಾಕಿ. ನಾವೆಲ್ಲ ಕೂರುತ್ತೇವೆ, ಸಾಮಾನೂ ಕೂರುತ್ತದೆ. ಸ್ಟೀರಿಂಗ್ ಎರಡೂ ಕಡೆ ಪೂರ್ತಿ ತಿರುಗಿಸುತ್ತೇನೆ. ರಸ್ತೆಯ ಹಂಪು ಹತ್ತಿಸಿ ಇಳಿಸುತ್ತೇನೆ. ಸದ್ದು ಬಂದರೆ ಬಿಚ್ಚಬೇಕು. ಹಿಂದಿನ ಸೀಟಿನಲ್ಲಿ ಇನ್ನೊಬ್ಬರಿಗೆ ಜಾಗವಿದೆ, ನೀವೂ ಕೂರಬೇಕು. ಜೋಯಿಚೇಟ್ಟನ್ ಅಪ್ಪನ ಮುಖ ನೋಡಿದರು. ಅಪ್ಪ ನಿರುಪಾಯರಾಗಿ ಆಕಾಶ ನೋಡಿದರು. ಚಕ್ರ ಹಾಕಿದ್ದಾಯಿತು. ಹಿಂದೆ ಒಂದು ಬದಿಗೆ ಅಜ್ಜಿ, ಒಂದು ಬದಿಗೆ ಜೋಯಿಚೇಟ್ಟನ್, ನಡುವೆ ಚಪಾತಿಯ ಹಾಗೆ ನಾನು. ಉಪ್ಪಿನಕಾಯಿ ಭರಣಿಯೊಂದು ಜೋಯಿಚೇಟ್ಟನ್ ಮಡಿಲಲ್ಲಿ. ಅಂಗಡಿಗೆ ಬಂದಿದ್ದ ಗಿರಾಕಿಗಳೆಲ್ಲ ತಮ್ಮ ಕೆಲಸ ಬಿಟ್ಟು ರಸ್ತೆಯ ಬದಿಗೆ ಸಾಲಾಗಿ ನಿಂತರು. ಅಮ್ಮ ಗಾಡಿ ಹೊರಡಿಸಿದರು. ಹಂಪು ಬಂತು.

"ಕರ್ರ್!" ಎಂದರು ಅಜ್ಜಿ, ಚಕ್ರಕ್ಕಿಂತ ಒಂದು ಕ್ಷಣ ಮೊದಲೇ. ಹಿಂದೆಯೇ ಚಕ್ರವೂ ಅದನ್ನೇ ಅಂದಿತು.

"ಇದು ಸ್ವಲ್ಪ ಹೊರಗೆ ಚಾಚ್ತದೆ ಜೋಯಿ. ಹಾಸಿಗೆ ಇದ್ದಷ್ಟೇ ಕಾಲು ಚಾಚ್ಬೇಕು ಅಂತ ಚಕ್ರಕ್ಕೂ ಹೇಳಿ ಕೊಡು."

ಅಜ್ಜಿಯ ಕಾಸರಗೋಡಿನ ಮಲಯಾಳ ಜೋಯಿಚೇಟ್ಟನ್‌ಗೆ ಅರ್ಧ ತಿಳಿಯಿತು, ಇನ್ನರ್ಧವನ್ನು ಮುಖದಿಂದ ಊಹಿಸಿದರು. ಅವರು ಗಟ್ಟಿಯಾಗಿ ನಕ್ಕದ್ದಕ್ಕೆ ಕಾರೇ ಕುಲುಕಿತು. ಅಲ್ಲಿಂದ ಮುಂದೆ ಅವರಿಗೂ ಹುಮ್ಮಸ್ಸು ಬಂದುಬಿಟ್ಟಿತು. ಒಳಗಿನಿಂದ ಬೆಳ್ಳಿಬಣ್ಣದ ಹದಿನಾಲ್ಕು ಇಂಚಿನ ಅಲಾಯ್ ಚಕ್ರಗಳನ್ನು ತೆಗೆಸಿದರು. ಹಳೆಯ ರಿಮ್ಮು ಎಷ್ಟು ಒಳಗೆ ಕೂರುತ್ತಿತ್ತೋ ಅಷ್ಟೇ ಒಳಗೆ ಕೂರುವಂಥವು. ಅಪ್ಪ ಟಯರು ಆರಿಸಿದರು. ಮೊದಲಿನದಕ್ಕಿಂತ ಒಂದು ಕೂದಲೆಳೆ ಅಗಲ, ಪಕ್ಕ ಅಷ್ಟೇ ತಗ್ಗು. ಒಟ್ಟು ಎತ್ತರ ಹೆಚ್ಚು ಕಡಿಮೆ ಮೊದಲಿನದೇ. ಭಾರ ಹೊರುವ ಅಂಕಿ ಮೊದಲಿಗಿಂತ ಒಂದು ಹೆಚ್ಚು. ಅದನ್ನು ಅಪ್ಪ ಅಜ್ಜಿಗೆ ಪ್ರತ್ಯೇಕವಾಗಿ ತೋರಿಸಿದರು. ಅಮ್ಮ ಕಾರಿನ ಕೈಪಿಡಿ ತೆರೆದು ಆ ಅಳತೆಗೂ ಒಪ್ಪಿಗೆ ಇದೆಯೆಂದು ನೋಡಿಕೊಂಡರು. ಮತ್ತೆ ಎಲ್ಲರೂ ಹತ್ತಿದೆವು. ಜೋಯಿಚೇಟ್ಟನ್ ಯಾರೂ ಕರೆಯದೆ ತಾವೇ ಬಂದು ಕೂತು ಭರಣಿ ಮಡಿಲಿಗೆ ಎಳೆದುಕೊಂಡರು. ಹಂಪು ಹತ್ತಿದೆವು, ಇಳಿದೆವು. ಅಮ್ಮ ಸ್ಟೀರಿಂಗ್ ಎಡಕ್ಕೆ ಕೊನೆಯವರೆಗೆ ತಿರುಗಿಸಿದರು, ಬಲಕ್ಕೆ ತಿರುಗಿಸಿದರು. ಎಲ್ಲರೂ ಉಸಿರು ಹಿಡಿದು ಅಜ್ಜಿಯ ಮುಖ ನೋಡಿದೆವು. ಅಜ್ಜಿ ಕಣ್ಣು ಮುಚ್ಚಿ ಕೇಳಿಸಿಕೊಳ್ಳುತ್ತಿದ್ದರು.

"ಇಲ್ಲ. ಎಂತದೂ ಇಲ್ಲ. ಇನ್ನೊಂದು ಸಲ ಹೋಗುವ, ಸುಮಾ."

ಇನ್ನೊಂದು ಸಲ ಹೋದೆವು. ಅದು ಪರೀಕ್ಷೆಗಲ್ಲ, ಖುಷಿಗೆ ಎಂದು ಎಲ್ಲರಿಗೂ ಗೊತ್ತಿತ್ತು. ರಸ್ತೆ ಬದಿಯ ಗಿರಾಕಿಗಳು ಚಪ್ಪಾಳೆ ತಟ್ಟಿದರು. ಇಳಿದ ಮೇಲೆ ಜೋಯಿಚೇಟ್ಟನ್, ಸ್ಟೆಪ್ನಿಗೆ ಹಳೆಯದೇ ಸಾಕು ಎಂದರು. ಅಪ್ಪ ಸುತಾರಾಂ ಒಪ್ಪಲಿಲ್ಲ. ದಾರಿಯಲ್ಲಿ ಪಂಕ್ಚರಾದಾಗ ಆ ಸೊಟ್ಟ ರಿಮ್ಮು ಹಾಕಿಕೊಂಡು ಅವಳು ಮುಂದೆ ಹೋಗಬೇಕೇ? ಹಳೆಯ ನಟ್ಟು ಒಂದು ಬಗೆ, ಹೊಸದರ ನಟ್ಟು ಇನ್ನೊಂದು ಬಗೆ, ಕತ್ತಲಲ್ಲಿ ಹುಡುಕುತ್ತಾ ಕೂರಬೇಕೇ? ಐದನೆಯದೂ ಇದೇ ಆಗಬೇಕು ಎಂದು ಪಟ್ಟು ಹಿಡಿದರು. ಈ ಸಲ ಅಮ್ಮ ಒಂದೂ ತಕರಾರು ತೆಗೆಯದೆ ಅಪ್ಪನ ತೋಳು ಹಿಡಿದು ನಿಂತರು. ಗೆಳೆಯರ ಹೊಳೆಯುವ ಚಕ್ರಗಳು ಅವಕ್ಕೆ ಹೊಂದುವ ಕಾರಿದ್ದ ಇನ್ನೊಬ್ಬರ ಪಾಲಾದವು. ಅವು ನಿಜವಾಗಿಯೂ ಚೆನ್ನಾಗಿದ್ದವು ಎಂದು ಅಮ್ಮ ಎಷ್ಟೋ ವರ್ಷ ಹೇಳುತ್ತಲೇ ಇದ್ದರು. ಆ ದಿನದ ಪಾಠ ನನ್ನ ಮೈಗೆ ಹತ್ತಿಬಿಟ್ಟಿದೆ. ಇವತ್ತಿಗೂ ಮನೆ, ಕೆಲಸ, ಸಂಬಂಧ, ಯಾವುದರ ಬಗ್ಗೆಯಾದರೂ ಯಾರಾದರೂ 'ಸರಿಹೊಂದುತ್ತದೆ' ಎಂದರೆ, 'ಯಾರು ಕೂತಾಗ?' ಎಂದು ಕೇಳುತ್ತೇನೆ. ಕೆಲವರು ನಗುತ್ತಾರೆ, ಕೆಲವರಿಗೆ ಸಿಟ್ಟು ಬರುತ್ತದೆ.

ಮುಂದಿನ ಭಾನುವಾರ ಅಮ್ಮನನ್ನು ತಿರುವನಂತಪುರಕ್ಕೆ ಬಿಡಲು ಹೊರಟೆವು. ಬಿಡಲು ಎಂಬುದು ಅಪ್ಪನ ಮಾತು. ಅಷ್ಟೂ ದಾರಿ ಕಾರು ಬಿಟ್ಟವರು ಅಮ್ಮ. ಪಕ್ಕದಲ್ಲಿ ಕೂತ ಅಪ್ಪ ಅಲ್ಲಿಲ್ಲದ ಬ್ರೇಕನ್ನು ಒತ್ತಿ ಒತ್ತಿ ಕಾಲು ನೋಯಿಸಿಕೊಂಡರು. ಹೊಸ ಚಕ್ರ ಹಾಕಿದ ಮೇಲೆ ಸ್ವಲ್ಪ ದೂರ ಓಡಿಸಿ ನಟ್ಟುಗಳನ್ನು ಮತ್ತೆ ಬಿಗಿಯಬೇಕು ಎಂಬುದು ಅವರ ನಿಯಮ. ಆಲಪ್ಪುಳ ದಾಟುವಾಗ ಚಹದಂಗಡಿಯೊಂದರ ಮುಂದೆ ಸೀಟಿ ಊದಿ ಎಲ್ಲರನ್ನೂ ಇಳಿಸಿದರು. ಅವರು ಸ್ಪ್ಯಾನರು ಹಿಡಿದು ಬಿಗಿಯುತ್ತಿದ್ದರೆ ನಾವು ಮೂವರು ಬಿಸಿ ಬಿಸಿ ಪಳಂಪೊರಿ ತಿಂದೆವು. ಬಾಳೆಹಣ್ಣಿನ ಆ ಬಜ್ಜಿಯನ್ನು ಅಜ್ಜಿ ಎರಡು ತಿಂದು, ಕಾರಿನ ಕಡೆ ಒಮ್ಮೆ ನೋಡಿ, ಧೈರ್ಯವಾಗಿ ಮೂರನೆಯದನ್ನೂ ತೆಗೆದುಕೊಂಡರು. ನಾನು ಮಾತ್ರ ಬಿಗುಮಾನ ಬಿಡಲಿಲ್ಲ. ತಿರುವನಂತಪುರದಲ್ಲಿ ಅಮ್ಮನ ಪುಟ್ಟ ಕೋಣೆ ನೋಡಿ, ಅದರ ಕಿಟಕಿಗೆ ಅಜ್ಜಿ ತಂದ ಪರದೆ ಕಟ್ಟಿ, ಕಾರನ್ನು ಅಲ್ಲೇ ಬಿಟ್ಟು ನಾವು ರೈಲಿನಲ್ಲಿ ವಾಪಸು ಬಂದೆವು. ಕೊಲ್ಲಂ ಬರುವವರೆಗೆ ಅತ್ತೆ. ಅಪ್ಪ ಸಮಾಧಾನ ಮಾಡಲು ಬಂದರೆ ಮುಖ ತಿರುಗಿಸಿದೆ. ಶುಕ್ರವಾರ ಅಮ್ಮ ಬಂದರೆ ಒಂದು ಮಾತೂ ಆಡುವುದಿಲ್ಲವೆಂದು ನಿರ್ಧರಿಸಿಕೊಂಡೆ.

ಆ ಶುಕ್ರವಾರ ಮಧ್ಯಾಹ್ನದಿಂದಲೇ ತುಲಾಮಾಸದ ಮಳೆ. ಅಮ್ಮ ಆಲಪ್ಪುಳದಿಂದ ಒಮ್ಮೆ ಫೋನು ಮಾಡಿದ್ದರು, ಆಮೇಲೆ ಸುದ್ದಿಯಿಲ್ಲ. ಏಲೂರಿನ ಕಂಪನಿ ಬಸ್ಸಿನಿಂದ ಇಳಿದ ಅಪ್ಪ ಬಟ್ಟೆಯನ್ನೂ ಬದಲಾಯಿಸದೆ ಕೊಡೆ ಹಿಡಿದು ಓಣಿಯಲ್ಲಿ ನಿಂತುಬಿಟ್ಟರು. ದೀಪ ಹಚ್ಚುವ ಹೊತ್ತಿಗೆ ನೀಲಿ ಕಾರು ತಿರುವಿನಲ್ಲಿ ಕಾಣಿಸಿತು. ಪೋರ್ಚಿನಲ್ಲಿ ಬಂದು ನಿಂತಿತು. ಅಮ್ಮ ಇಳಿದರು. ಅಪ್ಪ ಅವರ ಮುಖವನ್ನೂ ನೋಡದೆ ಕೊಡೆಯನ್ನು ಪಕ್ಕಕ್ಕೆಸೆದು ಮುಂದಿನ ಚಕ್ರದ ಬಳಿ ಕೂತು, ಟಯರಿನ ಮೇಲೆ ಅಂಗೈ ಇಟ್ಟರು. ಎದ್ದು ಹಿಂದಿನದಕ್ಕೆ ಹೋದರು. ಹಾಗೇ ಬಳಸಿಕೊಂಡು ಆ ಬದಿಗೆ ಹೋದರು. ಮಗುವಿಗೆ ಜ್ವರವಿದೆಯೇ ಎಂದು ನೋಡುವವರ ಹಾಗೆ ಒಂದೊಂದನ್ನೇ ಮುಟ್ಟಿ ನೋಡಿದರು. ಅಮ್ಮ ಬ್ಯಾಗು ಹಿಡಿದುಕೊಂಡು ನಿಂತೇ ಇದ್ದರು.

"ರೀ, ನಾನೂ ಬಂದಿದೀನಿ."

ಅಪ್ಪ ಕೊನೆಯ ಚಕ್ರದ ಹತ್ತಿರ ಕೂತವರು ಬೇಗ ಏಳಲಿಲ್ಲ. ಎದ್ದಾಗ ನಗುತ್ತಿದ್ದರು, ಕಣ್ಣು ಮಾತ್ರ ಒದ್ದೆಯಾಗಿತ್ತು. "ಎಲ್ಲ ಸರಿ ಉಂಟು" ಎಂದರು.

"ಅವನಿಗೆ ಹೇಳ್ಲಿಕ್ಕೆ ಬರುದಿಲ್ಲ ಸುಮಾ, ನೀನು ಒಳಗೆ ಬಾ" ಎಂದು ಅಜ್ಜಿ ಬಾಗಿಲಿನಿಂದ ಕೂಗಿದರು.

ನಾನು ಕಂಬದ ಹಿಂದೆ ನಿಂತು ಅಮ್ಮನನ್ನು ನೋಡುತ್ತಿದ್ದೆ. ಅವರ ಸೀರೆ ಮುದುಡಿತ್ತು, ಕೂದಲು ಕೆದರಿತ್ತು, ಕಣ್ಣ ಕೆಳಗೆ ದಣಿವಿತ್ತು. ಆದರೆ ಅಷ್ಟು ಖುಷಿಯಾಗಿರುವ ಅಮ್ಮನನ್ನು ನಾನು ಹುಟ್ಟಿದ ಮೇಲೆ ನೋಡಿರಲಿಲ್ಲ. ಐದು ದಿನ ಕೂಡಿಟ್ಟ ಮುನಿಸು ಎಲ್ಲಿ ಹೋಯಿತೋ ಗೊತ್ತಾಗಲಿಲ್ಲ. ಓಡಿಹೋಗಿ ಅವರ ಸೊಂಟ ಹಿಡಿದುಕೊಂಡೆ.

"ನಾಡಿದ್ದು ಎಷ್ಟು ಹೊತ್ತಿಗೆ ಹೊರಡ್ತೀಯ?" ಎಂದು ಅಮ್ಮನ ಕನ್ನಡದಲ್ಲೇ ಕೇಳಿದೆ.

ಅಮ್ಮನ ಮುಖ ಸ್ವಲ್ಪ ಬಾಡಿತು. ಬಗ್ಗಿ ನನ್ನ ಮುಂಗುರುಳು ಸರಿಸಿದರು.

"ಈಗ ತಾನೆ ಬಂದೆನಲ್ಲ ಪುಟ್ಟಿ. ಯಾಕೆ?"

"ನನಗೆ ಹೇಳದೆ ಹೊರಡ್ಬೇಡ. ಗೇಟು ನಾನು ತೆಗೀತೀನಿ."